ಮಳಿ ಎಲ್ಲಿ ಆತು?

ಮೇ ತಿಂಗಳ ರಾಯಚೂರು. ರಾತ್ರಿ ಹತ್ತಾದರೂ ಮಾಳಿಗೆಗೆ ಕಾಲಿಟ್ಟರೆ ಚುರ್ ಅನ್ನುತ್ತದೆ. ಅಲ್ಲೇ ಚಾಪೆ ಹಾಸಿ ಮಲಗಿದವರ ಕಿವಿಯಲ್ಲಿ ಮಾತ್ರ ಮುಂಬೈ ಮಳೆ ಧೋ ಅಂತ ಸುರಿಯುತ್ತಿರುತ್ತದೆ. ಫೋನಿನ ಆಡಿಯೋ ಆ್ಯಪಿನಲ್ಲಿ ಕೇಳುವ ಹಿಂದಿ ಪ್ರೇಮಕಥೆಯ ಎಪಿಸೋಡ್ ಶುರುವಾಯಿತು ಅಂತ ಲೆಕ್ಕ.

ಹಗಲು ಬ್ಯಾಂಕಿನಲ್ಲಿ 'ನಮಗ ಹಿಂದಿ ಬರಂಗಿಲ್ರೀ, ಕನ್ನಡದಾಗ ಹೇಳ್ರಿ' ಎಂದು ಕೌಂಟರ್ ಗುದ್ದಿ ಬಂದವರು ಇವರೇ. ಕೇಳಿದ್ದು ನ್ಯಾಯವೇ. ಸುಳ್ಳೂ ಅಲ್ಲ: 'ಧಡ್ಕನ್' ಬರುತ್ತದೆ, 'ಬೇವಫಾ' ಬರುತ್ತದೆ, ಹಣ ತೆಗೆಯುವ ಚೀಟಿಯ 'ಆಹರಣ' ಬರುವುದಿಲ್ಲ. ಇನ್ನು 1948ರವರೆಗೆ ನಿಜಾಮರ ಉರ್ದು ಆಡಳಿತದಲ್ಲಿದ್ದ ಊರು. ಹೊಲದ ಕರಾರು ಬರೆಸಿಕೊಂಡವರಿಗೆ ದಿಲ್ ಚಡಪಡಿಸಿ 'ಬೇಕರಾರ್' ಆದದ್ದು ತಿಳಿಯದೇ? ತೀನ್ ಕಂದೀಲ್ ಸರ್ಕಲಿನಲ್ಲಿ ನಿಂತು ಹಿಂದಿ ಗೊತ್ತಿಲ್ಲ ಅನ್ನುವವರನ್ನು, ಕಂದೀಲು ಎಷ್ಟು ಅಂತ ಕೇಳಿ ನೋಡಿ.

ಎಷ್ಟೋ ಕಥೆಗಳಲ್ಲಿ ದನಿ ಒಬ್ಬರದೇ. ಅದು ಸಾಲುವುದು ವ್ಯಾಕರಣದ ದಯೆಯಿಂದ. 'ಕರ್ತಾ ಹೂಂ' ಗಂಡು, 'ಕರ್ತೀ ಹೂಂ' ಹೆಣ್ಣು, ಹೆಸರು ಹೇಳುವ ಗೊಡವೆ ಇಲ್ಲ. ನಮ್ಮ 'ನಿನ್ನ ಬಿಟ್ಟು ಇರಂಗಿಲ್ಲ' ಯಾರ ಮಾತೆಂದು ತಿಳಿಯಲು ಸಾಲುಸಾಲಿಗೂ 'ಅಂದ', 'ಅಂದಳು' ಬೇಕು. ಪ್ರೇಮನಿವೇದನೆ ಪಂಚಾಯಿತಿ ನಡಾವಳಿಯ ಹಾಗೆ ಕೇಳಿಸುತ್ತದೆ.

ಹಿಂದಿಯಲ್ಲಿ ಪ್ರೀತಿಗೆ ಮೂರು ಮೆಟ್ಟಿಲು ಬೇರೆ. 'ಆಪ್'ನಿಂದ 'ತುಮ್'ಗೆ ಇಳಿಸಲು ಎಂಬತ್ತು ಎಪಿಸೋಡ್ ಎಳೆಯಬಹುದು, 'ತೂ' ತಲುಪಲು ಇನ್ನೆಂಬತ್ತು. ಒಂದೊಂದು ಹತ್ತು-ಹದಿನೈದು ನಿಮಿಷ. ಕೊನೆಗೆ ಬಾಗಿಲು ಕಿರ್ ಅನ್ನಬೇಕು, ಬಂದವರು ಯಾರೆಂದು ತಿಳಿಯಲು ದುಡ್ಡು ಕೊಟ್ಟು ಕೊಂಡ ಆ್ಯಪಿನ ಕಾಯಿನ್ ಸುರಿಯಬೇಕು. ನಮ್ಮಲ್ಲಿ ಮೊದಲ ಭೇಟಿಗೇ 'ಯಾವೂರಪಾ ನಿಂದು?' ಅಂದುಬಿಡುತ್ತಾರೆ. ಯಾವ ಕಂಪನಿ ಬದುಕೀತು?

ಕಥೆಯೋ, ಹೆಚ್ಚಾಗಿ ಕಾಂಟ್ರ್ಯಾಕ್ಟ್ ಮದುವೆ. ಕೋಟ್ಯಧಿಪತಿ ಒಂದು ಹಾಳೆ ಮುಂದಿಡುತ್ತಾನೆ, ಅವಳು ಸಹಿ ಹಾಕುತ್ತಾಳೆ, ವರ್ಷದ ಮಟ್ಟಿಗೆ ಗಂಡಹೆಂಡತಿ. ಸ್ಟಾಂಪ್ ಪೇಪರಿಲ್ಲ, ಸಾಕ್ಷಿಯಿಲ್ಲ. ಪಹಣಿಯ ಒಂದಕ್ಷರ ತಿದ್ದಿಸಲು ಚಪ್ಪಲಿ ಸವೆಸಿದವರು ಇದನ್ನು ಕಣ್ಣೀರಿಟ್ಟು ನಂಬುತ್ತಾರೆ!

ಮಳೆಯ ಸದ್ದಿಗೆ ಮಳೆಯೂ ಬೇಕಿಲ್ಲ. ಕಾದ ಎಣ್ಣೆಗೆ ಮಿರ್ಚಿ ಬಿಟ್ಟು ಮೈಕ್ ಹಿಡಿದರಾಯಿತು. ಕರಿಯುವ ಸದ್ದನ್ನು ಮಳೆಯೆಂದು ನಂಬಿಸುವುದು ಹಳೆಯ ಉಪಾಯ. ನಾಯಕನ ಗುಂಗಿನ ದನಿಯದೂ ಅದೇ ಕಥೆ: ಬಾಯಿ ಮೈಕಿಗೆ ಗೇಣು ದೂರಕ್ಕಿಂತ ಹತ್ತಿರ ಬಂದರೆ ಕೆಲವು ಮೈಕುಗಳಲ್ಲಿ ತಗ್ಗುಸ್ವರ ತಾನೇ ಉಬ್ಬುತ್ತದೆ. ಎದೆಯಾಳದಿಂದ ಬಂದಂತಿರುತ್ತದೆ, ಬಂದದ್ದು ಮೈಕಿನ ಬುಡದಿಂದ.

ಸಂಕಟ ಶುರುವಾಗುವುದು ಇಯರ್‌ಫೋನ್ ವೈರು ಪಿನ್ನಿನ ಬುಡದಲ್ಲಿ ಬಾಗಿ ಬಾಗಿ ತುಂಡಾದಾಗ. ಫೋನಿನ ಪುಟ್ಟ ಸ್ಪೀಕರ್ ತಗ್ಗುಸ್ವರ ನುಂಗಿಬಿಡುತ್ತದೆ. ಕೋಟ್ಯಧಿಪತಿ 'ಲಿಂಗಸುಗೂರು, ಲಿಂಗಸುಗೂರು' ಎಂದು ಕೂಗುವ ಕಂಡಕ್ಟರ್ ಆಗುತ್ತಾನೆ. ಮಳೆ ಮಾತ್ರ ಅಷ್ಟೇ ಜೋರು. ಪಕ್ಕದ ಚಾಪೆಯಿಂದ ಅತ್ತೆ ಎದ್ದು ಕೂರುತ್ತಾಳೆ.

'ಮಳಿ ಎಲ್ಲಿ ಆತವ್ವ? ನಮ್ಮ ಹೊಲದ ಕಡೀ ಏನ?'