ಇಲ್ಲೇ ಹುಟ್ಟಿದ ಟಿಬೆಟನ್ನರಿಗೆ ಪೌರತ್ವ ಬೇಕೇ?

ಪರ: ಆರು ವಾರ ತಡವಾಗಿ ಹುಟ್ಟಿದವನು

ಬೈಲುಕುಪ್ಪೆಯ ನನ್ನ ಗೆಳೆಯ ಕುಶಾಲನಗರದ ಸಂತೆಯಲ್ಲಿ ಚೌಕಾಸಿಗೆ ನಿಂತರೆ ನಾನು ಸುಮ್ನೆ ಬ್ಯಾಗು ಹಿಡಿದು ನಿಲ್ಲುತ್ತೇನೆ. ಅಷ್ಟು ಚೆನ್ನಾದ ಕನ್ನಡ. ಜೇಬಿನಲ್ಲಿ ಮಾತ್ರ ಪ್ಲಾಸ್ಟಿಕ್ ಕವರಿನೊಳಗೆ ಆರ್‌ಸಿ. ವಿದೇಶಿಯರಿಗೆ ಕೊಡುವ ನೋಂದಣಿ ಪತ್ರ ಅದು. ಅವಧಿ ಮುಗಿಯುವ ಮೊದಲು ನವೀಕರಿಸಬೇಕು. ಇಲ್ಲೇ ಹುಟ್ಟಿದವನು ವಿದೇಶಿ ಹೇಗಾಗುತ್ತಾನೆ ಹೇಳಿ!

1950ರ ಜನವರಿ 26ರಿಂದ 1987ರ ಜುಲೈ 1ರ ಮೊದಲು ಇಲ್ಲಿ ಹುಟ್ಟಿದವರು ಹುಟ್ಟಿನಿಂದಲೇ ಭಾರತೀಯರು ಎನ್ನುತ್ತದೆ ಕಾನೂನು. ಇದು ಟಿಬೆಟನ್ನರಿಗೂ ಅನ್ವಯ ಎಂದು 2010ರಲ್ಲಿ ದೆಹಲಿ ಹೈಕೋರ್ಟ್ ಹೇಳಿತು, 2013ರಲ್ಲಿ ನಮ್ಮ ಹೈಕೋರ್ಟೂ ಹೇಳಿತು. ಗೆಳೆಯನ ಅಣ್ಣ ಹುಟ್ಟಿದ್ದು 1985ರಲ್ಲಿ. ಇವನು 1987ರ ಆಗಸ್ಟ್‌ನಲ್ಲಿ. ಅಪ್ಪ ಅಮ್ಮ ಇಬ್ಬರೂ ಚಿಕ್ಕಂದಿನಲ್ಲಿ ಹಿಮಾಲಯ ದಾಟಿ ಬಂದವರು, ಭಾರತೀಯ ಪ್ರಜೆಗಳಲ್ಲ. ಹಾಗಾಗಿ ಅಣ್ಣ ಪ್ರಜೆ, ತಮ್ಮ ನಿರಾಶ್ರಿತ. ಒಂದೇ ಮನೆ, ಒಂದೇ ಒಲೆ.

ಅಣ್ಣನದ್ದೂ ಸುಖವಿಲ್ಲ. ಪಾಸ್‌ಪೋರ್ಟ್ ಬೇಕಿದ್ದರೆ ಆರ್‌ಸಿ ಬಿಟ್ಟುಕೊಡಬೇಕು, ಶಿಬಿರದಲ್ಲಿ ವಾಸ ಮಾಡಬಾರದು ಎಂದು 2017ರಲ್ಲಿ ಷರತ್ತು ಬಂತು. ಹುಟ್ಟಿದ ಮನೆ ಬಿಟ್ಟರೆ ಹುಟ್ಟಿದ ದೇಶ ನಿನ್ನದು ಅಂದ ಹಾಗಾಯಿತು.

ಪೌರತ್ವ ಸಿಕ್ಕರೆ ಟಿಬೆಟ್ ಮರೆತುಬಿಡ್ತಾರಂತೆ! ಅಮೆರಿಕದ ಪಾಸ್‌ಪೋರ್ಟ್ ತಗೊಂಡ ನಮ್ಮವರು ನವೆಂಬರ್ ಬಂದರೆ ನಮಗಿಂತ ಜಾಸ್ತಿ ಬಾವುಟ ಹಾರಿಸ್ತಾರೆ, ನೋಡಿಲ್ವಾ? ಇಲ್ಲೇ ಹುಟ್ಟಿದವನಿಗೆ ಇಲ್ಲಿಯ ಮತದ ಹಕ್ಕು ಕೊಡಿ. ನನ್ನ ಮಾತು ಇಷ್ಟೇ.

ವಿರೋಧ: ಕೊಟ್ಟ ಜಾಗ ಯಾಕಾಗಿ?

ಈ ಕಡೆ ಬರೆಯಲು ಯಾರೂ ಸಿಗಲಿಲ್ಲವಂತೆ. ದಾಕ್ಷಿಣ್ಯಕ್ಕೆ ಒಪ್ಪಿದೆ.

1960ರ ದಶಕದ ಆರಂಭದಲ್ಲಿ ಮೈಸೂರು ರಾಜ್ಯ ಬೈಲುಕುಪ್ಪೆಯಲ್ಲಿ ಸುಮಾರು 3,000 ಎಕರೆ ಕೊಟ್ಟಿತು. ಆಮೇಲೆ ಮುಂಡಗೋಡದಲ್ಲೂ ಜಾಗ ಸಿಕ್ಕಿತು. ಒಂದು ಜನ ಒಟ್ಟಾಗಿ ಉಳಿಯಲಿ, ಮಠ ಉಳಿಯಲಿ, ಭಾಷೆ ಉಳಿಯಲಿ ಎಂಬ ಲೆಕ್ಕ ಅದು. ಒಬ್ಬೊಬ್ಬರೂ ಭಾರತೀಯರಾದರೆ ಆ ಜಾಗ ಯಾರದ್ದು? ಅಕ್ಕಪಕ್ಕದ ಭೂಮಿಯಿಲ್ಲದ ರೈತ ನಾಳೆ ಈ ಪ್ರಶ್ನೆ ಕೇಳೇ ಕೇಳುತ್ತಾನೆ. ಮತದ ಹಕ್ಕು ಕೊಡಿ ಅನ್ನುವುದು ಸುಲಭ, ಪಹಣಿ ಯಾರ ಹೆಸರಿಗೆ ಅನ್ನುವುದು ಕಷ್ಟ.

ನಿಜ ಹೇಳಬೇಕೆಂದರೆ, ನನ್ನನ್ನು ತಡೆಯುವುದು ಪಹಣಿಯಲ್ಲ, ಒಬ್ಬ ಅಜ್ಜಿ. ಮುಂಡಗೋಡದಲ್ಲಿ ಅವರ ಮನೆಯಲ್ಲಿ ಬೆಣ್ಣೆ ಹಾಕಿದ ಉಪ್ಪು ಚಹಾ ಕುಡಿದೆ. ಅರ್ಧ ಲೋಟಕ್ಕೇ ಸುಸ್ತಾದೆ, ಅವರು ಮತ್ತೆ ತುಂಬಿಸಿದರು. ಪೌರತ್ವಕ್ಕೆ ಅರ್ಜಿ ಹಾಕಲ್ವಾ ಅಜ್ಜಿ ಅಂದೆ. "ನಾವು ನೆಂಟರು ಕಣಪ್ಪ. ನೆಂಟರು ಮನೆ ಬರೆಸಿಕೊಳ್ತಾರಾ?" ಅಂದರು.

ಅವರ ಮೊಮ್ಮಗಳು ಕೆನಡಾದ ಪ್ರಜೆಯಾಗಿದ್ದಾಳೆ. ಫೋಟೋ ತೋರಿಸುವಾಗ ಅಜ್ಜಿಯ ಮುಖ ಅರಳಿತ್ತು.