ಪಾದ್ರಿಯ ಮಡಿ, ಐದು ಪೌಂಡಿನ ಮೈಲಿಗೆ

1895ರ ಮೇ ತಿಂಗಳಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್ ಮೈದಾನದಲ್ಲಿ ಕ್ರಿಕೆಟ್ ದಿಗ್ಗಜ ಡಬ್ಲ್ಯು.ಜಿ. ಗ್ರೇಸ್ ತಮ್ಮ ನೂರನೆಯ ಶತಕವನ್ನು ಮುಟ್ಟಿ, ಅಷ್ಟಕ್ಕೇ ತೃಪ್ತರಾಗದೆ 288ರವರೆಗೆ ಬೆಳೆಸಿದಾಗ, ಸ್ಟಂಪುಗಳ ಹಿಂದೆ ಕಾಲು ಅಗಲಿಸಿ, ತಲೆಯನ್ನು ಬೇಲ್ಸ್‌ ಮಟ್ಟಕ್ಕೆ ತಗ್ಗಿಸಿ ಕುಕ್ಕರಿಸಿದ್ದವರು ಸಾಮರ್‌ಸೆಟ್ ತಂಡದ ರೆವರೆಂಡ್ ಆರ್ಚ್‌ಡೇಲ್ ವಿಕ್‌ಹ್ಯಾಮ್. ಮಾರ್ಟಾಕ್ ಎಂಬ ಊರಿನ ಚರ್ಚಿನ ಪಾದ್ರಿ. ತಲೆಯ ಮೇಲೆ ಆಕ್ಸ್‌ಫರ್ಡಿನ ಹಾರ್ಲೆಕ್ವಿನ್ ಕ್ಲಬ್ಬಿನ ಬಣ್ಣಬಣ್ಣದ ಟೋಪಿ. ಅಷ್ಟು ಹೊತ್ತಿನ ಆಟದಲ್ಲಿ ಗ್ರೇಸರ ಬ್ಯಾಟನ್ನು ದಾಟಿ ತಮ್ಮ ಕೈಗವಸಿಗೆ ಬಂದ ಚೆಂಡುಗಳು ನಾಲ್ಕೋ ಐದೋ ಎಂದು ಅವರೇ ಹೇಳಿದ್ದರಂತೆ. ಭಾನುವಾರದ ಪ್ರಾರ್ಥನೆಗೆ ಬರುವ ಭಕ್ತರ ಸಂಖ್ಯೆಯ ಬಗ್ಗೆಯೂ ಹೀಗೆಯೇ ನಿಖರವಾಗಿ ಹೇಳಬಲ್ಲವರಾಗಿದ್ದರೇ ಎಂದು ಕೇಳುವುದು ಅಧಿಕಪ್ರಸಂಗವಾದೀತು.

ನಮ್ಮ ಈ ಪಾದ್ರಿಗಳು ವಿಕೆಟ್‌ಕೀಪಿಂಗಿನಲ್ಲಿ ಕಡಿಮೆಯವರಲ್ಲ. 1899ರಲ್ಲಿ ಹ್ಯಾಂಪ್‌ಷೈರ್ ತಂಡ ಏಳು ವಿಕೆಟ್ಟಿಗೆ 672 ರನ್ ಪೇರಿಸಿದಾಗ ಒಂದೇ ಒಂದು ಬೈ (ಬ್ಯಾಟಿಗೆ ತಾಗದ ಚೆಂಡು ಕೀಪರನನ್ನೂ ದಾಟಿದಾಗ ಸಿಗುವ ರನ್) ಕೂಡ ಬಿಟ್ಟುಕೊಡದ ಪುಣ್ಯಾತ್ಮರು ಅವರು. ಆಗ ಕೌಂಟಿ ಪಂದ್ಯವೆಂದರೆ, ಅಂದರೆ ಇಂಗ್ಲೆಂಡಿನ ಜಿಲ್ಲಾ ತಂಡಗಳ ನಡುವಿನ ಪಂದ್ಯವೆಂದರೆ, ವಾರದ ನಡುವಿನ ಮೂರು ದಿನಗಳ ವ್ಯವಹಾರ; ಗದ್ದೆಯಲ್ಲಿ ದುಡಿಯುವವನಿಗೆ ಆ ಮೂರು ದಿನ ಸಿಗುತ್ತಿರಲಿಲ್ಲ, ಗುಮಾಸ್ತನಿಗೂ ಸಿಗುತ್ತಿರಲಿಲ್ಲ, ಆತ್ಮಗಳ ಉದ್ಧಾರಕ್ಕೆಂದೇ ನೇಮಕಗೊಂಡು ಮನೆ, ಆದಾಯಗಳೆರಡನ್ನೂ ಚರ್ಚಿನಿಂದಲೇ ಪಡೆದವರಿಗೆ ಮಾತ್ರ ಧಾರಾಳವಾಗಿ ಸಿಗುತ್ತಿತ್ತು. ಭಾನುವಾರ ಆಟವಿರುತ್ತಿರಲಿಲ್ಲ. ಅದು ದೇವರ ಮೇಲಿನ ಭಯದಿಂದಲೋ, ಆ ದಿನ ವಿಕೆಟ್‌ಕೀಪರ್ ಸಿಗುವುದಿಲ್ಲವೆಂಬ ಕಾರಣದಿಂದಲೋ, ಬಲ್ಲವರೇ ಬಲ್ಲರು.

ಇಷ್ಟಾದರೂ ಅವರು ಹವ್ಯಾಸಿ, ಎಂದರೆ ಮಡಿಯವರು. ಆಟಕ್ಕೆಂದು ಕಾಸು ಮುಟ್ಟದವರು ‘ಜಂಟಲ್‌ಮನ್’, ಪಂದ್ಯಕ್ಕೆ ಐದಾರು ಪೌಂಡು ಪಡೆದು ಹೆಂಡತಿ ಮಕ್ಕಳನ್ನು ಸಾಕುವವರು ಬರೀ ‘ಪ್ಲೇಯರ್’. ಇಬ್ಬರಿಗೂ ಬೇರೆ ಬೇರೆ ಕೋಣೆ. ಎಷ್ಟೋ ಮೈದಾನಗಳಲ್ಲಿ ಬೇಲಿ ದಾಟಿ ಬರುವ ಬಾಗಿಲೂ ಬೇರೆ. ಮೈಲಿಗೆ ಅಂಟೀತೆಂಬ ಭಯ ನಮ್ಮ ಅಗ್ರಹಾರಗಳಿಗಷ್ಟೇ ಮೀಸಲಾಗಿರಲಿಲ್ಲವೆಂದು ತಿಳಿದಾಗ ಸ್ವಲ್ಪ ಸಮಾಧಾನವೇ ಆಗುತ್ತದೆ. ಅಂಕಪಟ್ಟಿಯನ್ನು ನೋಡಿ: ಪಾದ್ರಿಗಳ ಹೆಸರಿಗೆ ರೆವರೆಂಡ್ ಎಂಬ ಪೇಟ, ಅದರ ಹಿಂದೆ ಇನಿಶಿಯಲ್ಲುಗಳು, ಬೆವರು ಸುರಿಸಿ ಓವರಿನ ಮೇಲೆ ಓವರು ಎಸೆದ ಸಾಮರ್‌ಸೆಟ್ಟಿನ ಕೂಲಿ ಬೌಲರ್ ಟೈಲರ್ ಬರಿಗಾಲಿನಲ್ಲಿ ನಿಂತ ಆಳಿನಂತೆ ಬರೀ ‘ಟೈಲರ್’.

ಮಡಿಗೂ ಒಂದು ಪ್ರಾಯಶ್ಚಿತ್ತವಿಧಿ ಇತ್ತು, ಅದರ ಹೆಸರು ‘ಖರ್ಚುವೆಚ್ಚ’. ಹವ್ಯಾಸಿಗಳ ಕುಲಗುರುವಾದ ಗ್ರೇಸರಿಗೆ ಅದೇ 1895ರಲ್ಲಿ ಅಭಿಮಾನಿಗಳು ಸಲ್ಲಿಸಿದ ಕಾಣಿಕೆ ಒಂಬತ್ತು ಸಾವಿರ ಪೌಂಡಿಗೂ ಮಿಕ್ಕಿತ್ತು. ಅದು ಕಾಣಿಕೆಯಾದ್ದರಿಂದ ಮೈಲಿಗೆ ತಟ್ಟಲಿಲ್ಲ. ಮರುವರ್ಷ ಲಂಡನ್ನಿನ ಓವಲ್ ಮೈದಾನದ ಟೆಸ್ಟಿಗೆ ಮುನ್ನ ಐವರು ವೃತ್ತಿಪರರು, ಎಂದರೆ ‘ಪ್ಲೇಯರ್’ಗಳು, ಹತ್ತು ಪೌಂಡು ಸಾಲದು, ಇಪ್ಪತ್ತು ಕೊಡಿ ಎಂದು ಕೇಳಿದಾಗ ಮಾತ್ರ ಸಭ್ಯ ಸಮಾಜಕ್ಕೆ ಎದೆನೋವು ಬಂತು. ಗ್ರೇಸರಿಗೆ ಸಲ್ಲುವುದು ಪಂದ್ಯವೊಂದಕ್ಕೆ ಹತ್ತು ಪೌಂಡು ಖರ್ಚಷ್ಟೇ ಎಂದು ಓವಲ್ ಮೈದಾನದ ಸರ್ರೆ ಕ್ಲಬ್ಬು ಗಂಭೀರವಾಗಿ ಹೇಳಿಕೆ ಹೊರಡಿಸಿತು. ಅದೇ ಹತ್ತು ಪೌಂಡು ಆ ಐವರಲ್ಲೊಬ್ಬರಾದ ಟಾಮ್ ರಿಚರ್ಡ್‌ಸನ್‌ರ ಕೈಗೆ ಬಂದರೆ ಕೂಲಿ, ಗ್ರೇಸರ ಜೇಬಿಗೆ ಬಿದ್ದರೆ ರೈಲುಚಾರ್ಜು.

ವಿಕ್‌ಹ್ಯಾಮರಿಗೆ ಚಿಟ್ಟೆ, ಪತಂಗಗಳನ್ನು ಸಂಗ್ರಹಿಸುವ ಗೀಳೂ ಇತ್ತು. ಚೆಂಡು, ಚಿಟ್ಟೆ, ಆತ್ಮ ಈ ಮೂರನ್ನೂ ಹಿಡಿಯುವವರಾದರೂ ಅವರಿಗೆ ಸಂಬಳವಿದ್ದುದು ಮೂರನೆಯದಕ್ಕೆ ಮಾತ್ರ, ಹಿಡಿದದ್ದಕ್ಕೆ ಲೆಕ್ಕ ಕೊಡಬೇಕಾಗಿಲ್ಲದಿದ್ದುದೂ ಅದೊಂದಕ್ಕೇ.

ಈ ಭೇದವನ್ನು ಅಳಿಸಲು ಇಂಗ್ಲೆಂಡಿಗೆ 1962 ಬರಬೇಕಾಯಿತು. ಅದೇ ಚಳಿಗಾಲದಲ್ಲಿ ರೆವರೆಂಡ್ ಡೇವಿಡ್ ಶೆಪರ್ಡ್ ಎಂಬ ಇನ್ನೊಬ್ಬ ಪಾದ್ರಿ ಆಸ್ಟ್ರೇಲಿಯಕ್ಕೆ ಟೆಸ್ಟ್ ಆಡಲು ಹೋಗಿ ಸಾಕಷ್ಟು ಕ್ಯಾಚುಗಳನ್ನು ಕೈಚೆಲ್ಲಿದರು. ಅವು ಹವ್ಯಾಸಿಯ ಕೈಯಿಂದ ಜಾರಿದವೋ ಕೂಲಿಯವನ ಕೈಯಿಂದಲೋ ಎಂದು ಕೇಳುವ ಹಕ್ಕು ಅಷ್ಟರಲ್ಲಿ ಯಾರಿಗೂ ಉಳಿದಿರಲಿಲ್ಲ.