ಹೈಬ್ರಿಡ್ ಕುರಿಂಜಿಯಂತೆ!

ನಂದಿ ಬೆಟ್ಟದ ದಾರಿಯ ಒಂದು ನರ್ಸರಿಯಲ್ಲಿ ಬೋರ್ಡ್ ಹಾಕಿದ್ದಾರೆ: 'ನೀಲಕುರಿಂಜಿ, 350 ರೂ.' ಕಪ್ಪು ಕವರಿನ ಗಿಡಗಳು, ಒಂದೊಂದರಲ್ಲೂ ಹೂವು. ಹನ್ನೆರಡು ವರ್ಷಕ್ಕೊಮ್ಮೆ ಅರಳೋ ಗಿಡ ಸ್ವಾಮಿ, ಗೇಣುದ್ದ ಇರುವಾಗಲೇ ಬಿಟ್ಟುಬಿಟ್ಟಿದೆ! ಕೇಳಿದರೆ ಹುಡುಗ, "ಇದು ಹೈಬ್ರಿಡ್ ಅಣ್ಣಾ, ವರ್ಷಪೂರ್ತಿ ಬಿಡುತ್ತೆ" ಅಂದ. ಸೇವಂತಿಗೆ ಬೆಳೆಯೋನ ಕಿವಿಗೇ ಹೂವು!

ಎಲೆ ನೋಡಿದೆ. ಉದ್ದ, ಸಪೂರ. ಬಡಾವಣೆಗಳ ಕಾಂಪೌಂಡ್ ಪಕ್ಕ ಸಾಲಾಗಿ ನೆಡ್ತಾರಲ್ಲ, ಆ ರುಯೆಲಿಯಾ. ಕುರಿಂಜಿಗೆ ದೂರದ ನೆಂಟ, ನಿಜ. ನಮ್ಮ ಕನಕಾಂಬರವೂ ಅದೇ ಕುಟುಂಬ. ಹಾಗಂತ ಕನಕಾಂಬರಕ್ಕೆ ಕುರಿಂಜಿ ಅಂತ ಹೆಸರಿಟ್ಟು ಮಾರೋಕಾಗುತ್ತಾ?

ಹುಡುಗನ ಮೇಲೆ ಅಷ್ಟು ಸಿಟ್ಟಿಲ್ಲ. ಅಸಲಿ ಕುರಿಂಜಿಯನ್ನ ವನ್ಯಜೀವಿ ಕಾಯ್ದೆಯ 2022ರ ತಿದ್ದುಪಡಿಯಲ್ಲಿ ರಕ್ಷಿತ ಗಿಡಗಳ ಪಟ್ಟಿಗೆ ಸೇರಿಸಿದ್ದಾರೆ. ಕಾಡಿಂದ ಕಿತ್ತು ತಂದು ಮಾರಿದ್ದರೆ ಕೇಸು. ನಕಲಿ ಮಾರಿ ಬಚಾವಾಗಿದ್ದಾನೆ, ಪುಣ್ಯಾತ್ಮ. ಸಿಟ್ಟು ಬಂದಿದ್ದು "ಮನೇಲೂ ಒಂದಿರಲಿ" ಅಂತ ಕವರ್ ಆರಿಸುತ್ತಿದ್ದವರ ಮೇಲೆ. ಯಾಕ್ರೀ ಇರಬೇಕು ಮನೇಲಿ? ಅದರ ಮನೆ ಪಶ್ಚಿಮ ಘಟ್ಟದ ಮೇಲೆ, ಬೆಟ್ಟದ ಕಣಿವೆಗಳಲ್ಲಿ ಬೆಳೆಯೋ ಶೋಲಾ ಕಾಡಿನ ಅಂಚಿನ ಹುಲ್ಲುಗಾವಲು.

ಈ ಗಿಡ ಆಯುಷ್ಯದಲ್ಲಿ ಒಂದೇ ಸಲ ಹೂ ಬಿಡುತ್ತೆ. ಬೀಜ ಉದುರಿಸಿ ಸಾಯುತ್ತೆ. ಮುಂದಿನ ಹೂವು ಬರೋದು ಆ ಬೀಜದಿಂದಲೇ. 2022ರಲ್ಲಿ ಮುಳ್ಳಯ್ಯನಗಿರಿ ಕಡೆ ಅರಳಿದಾಗ ಜನ ಕೊಂಬೆ ಮುರಿದು, ಕೈಯಲ್ಲಿ ಹಿಡಿದು ಫೋಟೋ ಹಾಕಿದ್ದರು. ಹೂವಿರುವಾಗ ಕೊಂಬೆ ಮುರಿದರೆ ಬೀಜ ಎಲ್ಲಿಂದ ಬರಬೇಕು?

ಹೂವು ಕೊಯ್ದು ಮಾರಿ ಬದುಕೋನು ಬುದ್ಧಿ ಹೇಳ್ತಾನೆ ಅಂತ ನಗಬೇಡಿ. ಸೇವಂತಿಗೆ ನಾನು ಹಾಕಿದ್ದು, ನಾನು ಕೊಯ್ಯೋದು. ಮತ್ತೆ ಹಾಕ್ತೀನಿ. ಬೆಟ್ಟದ ಮೇಲೆ ನೀವು ಹಾಕ್ತೀರಾ?

ನನ್ನ ಜೊತೆ ಇದ್ದ ಭಾವಮೈದ, "ಮನೆಮನೇಲಿ ಬೆಳೆಸಿದ್ರೆ ತಳಿ ಉಳಿಯುತ್ತಲ್ವಾ ಭಾವ?" ಅಂದ. ಉಳಿಯುತ್ತೆ, ಟೆರೇಸ್ ಮೇಲೆ ಸಿಂಟೆಕ್ಸ್ ಪಕ್ಕ! ಇಡೀ ಬೆಟ್ಟ ಒಟ್ಟಿಗೆ ಅರಳಿ ಬೀಜ ಸುರಿದರೆ ತಿನ್ನೋ ಪ್ರಾಣಿಗಳು ತಿಂದೂ ಮಿಗುತ್ತೆ, ಅದಕ್ಕೇ ಇಷ್ಟು ವರ್ಷ ಕಾಯುತ್ತೆ ಅಂತ ತಿಳಿದವರು ಲೆಕ್ಕ ಹಾಕ್ತಾರೆ. ನಿನ್ನ ಒಂದು ಕುಂಡದಲ್ಲಿ ಎಷ್ಟು ಮಿಗುತ್ತಪ್ಪಾ?

ನಿಜ ಹೇಳ್ತೀನಿ, ಇದರಲ್ಲಿ ಸ್ವಲ್ಪ ಹೊಟ್ಟೆಕಿಚ್ಚೂ ಇದೆ. ಆ ವರ್ಷ ಅದು ಅರಳಿದ್ದು ದಸರಾ ಹೊತ್ತಿಗೆ. ಆಯುಧ ಪೂಜೆಗೆ ಹೂವು ಕೊಯ್ಯೋದು ಬಿಟ್ಟು ನಾವೆಲ್ಲಿ ಹೋಗೋಣ? ಕೊಂಬೆ ಮುರಿದವರ ಸ್ಟೇಟಸ್ಸಲ್ಲೇ ಕುರಿಂಜಿ ನೋಡಿದ್ದು.

2034ಕ್ಕೆ ಮಾತ್ರ ಹೋಗೋದೇ. ತೋಟ ಭಾವಮೈದನ ತಲೆಗೆ. ಜೊತೆಗೆ ಬರೋರು ಈಗಲೇ ಹೇಳಿ, ಆದರೆ ಕೈ ಜೇಬಿನಲ್ಲಿರಬೇಕು.